ಹದಿನೈದು ಮೊಳ

ಶನಿವಾರ ಬೆಳಗ್ಗೆ ಬಟ್ಟೆಯ ಒಂದು ತುದಿ ನನ್ನ ಕೈಯಲ್ಲಿ,
ಇನ್ನೊಂದು ಅಪ್ಪನ ಮೊಣಕಾಲ ಮೇಲೆ,
ನಡುವೆ ಪಡಸಾಲೆಯುದ್ದ ಹದಿನೈದು ಮೊಳ ಬಿಳುಪು.
"ಬಿಗಿ ಹಿಡಿ ತೂಬಾ, ಎಳೆಯಬೇಡ."
ನನಗೆ ಆರು ವರ್ಷ. ಬಿಗಿಗೂ ಎಳೆತಕ್ಕೂ
ಇರುವ ಅಂತರ ಅಷ್ಟರಲ್ಲೇ ಕಲಿತೆ.
ಮುಂಡಾಸಿನ ಕೊನೆಯ ಸುತ್ತು
ನನ್ನ ಬೆರಳಿಗೇ ಬಂದು ನಿಲ್ಲುತ್ತಿತ್ತು.

ಅಜ್ಜ ನೇಯುತ್ತಿದ್ದುದು ನೆಲದಡಿಯಲ್ಲಿ,
ನಾಯಿನ್ ಪಟ್ಟಣದಾಚೆ, ಮರಳುಗಾಡಿನ ಅಂಚಲ್ಲಿ,
ಒಂದೇ ಕಿಂಡಿಯಿಂದ ಬೀಳುವ ಬಿಸಿಲಕೋಲಲ್ಲಿ.
ಒಂಟೆಯ ಉಣ್ಣೆ, ಮುಲ್ಲಾಗಳ ನಿಲುವಂಗಿ.
ಸಾವಿರ ಹೆಗಲಿಗೆ ಹೊದಿಸಿದವನು
ತನ್ನ ಹೆಗಲಿಗೆ ಒಂದನ್ನೂ ಏರಿಸಲಿಲ್ಲ.
ಮಗನನ್ನು ಕುಮ್‌ಗೆ ಕಳಿಸುವಾಗ ಹೇಳಿದನಂತೆ:
"ಕತ್ತಲಲ್ಲಿ ನೇಯ್ದದ್ದು ಇದು. ಬೆಳಕಿಗೆ ಹೋದಾಗ ನೆನಪಿರಲಿ."

ಹೀಗೆ ಅಬಾಬಾಫರ ಕರಾಮತುಲ್ಲಾ ಶೇಖ್ ಆದ,
ಊರು ಆರಿಸಿ ಟೆಹರಾನಿನ ಮಜ್ಲಿಸ್‌ಗೆ ಕಳಿಸಿತು.
ತೋಳಿನ ಜೋಲಲ್ಲಿ ಅರ್ಜಿಗಳು:
ಬತ್ತಿದ ಸುರಂಗಬಾವಿ, ಬಾರದ ಪಿಂಚಣಿ,
ತಲಾಖಾದವಳಿಂದ ಕಿತ್ತುಕೊಂಡ ಕೂಸು.
ರಾತ್ರಿ ಅಮ್ಮ ಕೊಡವಿದರೆ ಕಾಗದದ ಜೊತೆ
ಯಾರೋ ಕೊಟ್ಟ ಪಿಸ್ತಾದ ಸಿಪ್ಪೆ.
"ಧರ್ಮ ಬಾಗಿಲು ಕಣೇ," ಅನ್ನುತ್ತಿದ್ದ,
"ನಾವು ಅದನ್ನು ಚಿಲಕ ಮಾಡಿಕೊಂಡು ಕೂತಿದ್ದೇವೆ."

ಆದರೂ ಒಂದು ದಿನ ಸುಮ್ಮನಿದ್ದ.
ಇದನ್ನು ಬಿಟ್ಟು ಬರೆದರೆ ಅವನೇ ಸಿಟ್ಟಾಗುತ್ತಾನೆ.
ಪತ್ರಿಕೆಗಳ ಬಾಯಿ ಹೊಲಿಯುವ ಮಸೂದೆ.
"ಈಗ ಬೇಡ, ಮುಂದೆ ನೋಡೋಣ," ಅಂದರು ಹಿರಿಯರು.
ಅಪ್ಪ ನೀರು ಕುಡಿದ. ಲೋಟ ಕೆಳಗಿಡುವಷ್ಟರಲ್ಲಿ
ಕೈಗಳ ಎಣಿಕೆ ಮುಗಿದಿತ್ತು.
ಆ ವಾರವೇ ಅಚ್ಚುಕೂಟದ ಹುಡುಗನನ್ನು ಎಳೆದೊಯ್ದರು,
ನಮ್ಮೂರಿನವನೇ, ಹತ್ತೊಂಬತ್ತರ ಸುಹೈಲ್.
ಅವನ ತಾಯಿ ಅರ್ಜಿ ತರಲಿಲ್ಲ.
ನಮ್ಮ ಹೊಸ್ತಿಲಲ್ಲಿ ಅವನ ಚಪ್ಪಲಿ ಬಿಟ್ಟು ಹೋದಳು.
ಎರಡು ಚಳಿಗಾಲ ಅಪ್ಪ ಅವನ್ನು ಸರಿಸಲಿಲ್ಲ,
ದಿನಾ ದಾಟಿದ.

ಆಮೇಲೆ ಸಭೆಯಲ್ಲಿ ಎದ್ದು
ಸೆರೆಯಲ್ಲಿದ್ದವರ ಹೆಸರು ಓದತೊಡಗಿದ.
ಏಳನೆಯದಕ್ಕೆ ಮೈಕು ಸತ್ತಿತು.
ಎಂಟನೆಯದನ್ನು ಬರಿಗಂಟಲಲ್ಲಿ.
ಇಪ್ಪತ್ತಮೂರಕ್ಕೆ ಗಂಟಲೂ.

ಮುಲ್ಲಾಗಳನ್ನು ಮುಲ್ಲಾಗಳೇ ವಿಚಾರಿಸುವ ಕೋರ್ಟು.
"ಇಳಿಸು," ಅಂದವನು ಕುಮ್‌ನಲ್ಲಿ ಒಂದೇ ಕೋಣೆಯಲ್ಲಿ
ಒಂದೇ ರೊಟ್ಟಿ ಹರಿದು ತಿಂದವನು.
ಅವನ ಕಣ್ಣು ಮೇಜಿನ ಮೇಲಿತ್ತಂತೆ.

ಬಸ್ಸಿನಲ್ಲಿ ಬಂದ, ಬರಿತಲೆ.
ಹಣೆಗೆ ಎರಡು ಬಣ್ಣ: ಕೆಳಗೆ ಸುಟ್ಟ ಮರಳು,
ಮೇಲೆ ಮೂವತ್ತು ವರ್ಷ ಬಿಸಿಲು ಕಾಣದ
ಎಳೆಗೂಸಿನ ತೊಗಲು.
ರೊಟ್ಟಿಯಂಗಡಿಯವನು "ಹಾಜ್..." ಎಂದು ಶುರುಮಾಡಿ
ಅರ್ಧಕ್ಕೇ ನುಂಗಿ, ಒಂದು ರೊಟ್ಟಿ ಹೆಚ್ಚಿಗೆ ಕೊಟ್ಟ.
ಪ್ಲಾಸ್ಟಿಕ್ ಚೀಲದಲ್ಲಿ ಆ ಬಟ್ಟೆ.
ರಾತ್ರಿ ಇಬ್ಬರೂ ಮಡಚಿದೆವು.
ಬಿಗಿ ಹಿಡಿ ಅನ್ನಲಿಲ್ಲ; ಹಿಡಿದಿದ್ದೆ.
"ಕಫನಿಗೆ ಸಾಕಾಗುತ್ತೆ," ಅಂದ, ತಮಾಷೆಗೆ ಎಂಬಂತೆ.
ಅಮ್ಮ ಪೆಟ್ಟಿಗೆಯ ಮುಚ್ಚಳ ಜೋರಾಗಿ ಹಾಕಿದಳು.

ಇವತ್ತು ನಸುಕಲ್ಲಿ ಒಬ್ಬ ಮುದುಕಿ,
ಮರಳ ದಾರಿಯ ಧೂಳು ಮೈತುಂಬ.
"ಶೇಖ್ ಮನೆ ಇದೇ ತಾನೆ?"
ಕೈಯಲ್ಲಿ ನಾಲ್ಕು ಮಡಿಕೆಯ ಕಾಗದ.
ಅಪ್ಪನ ಕೈ ತೋಳಿನ ಜೋಲು ತಡಕಿತು,
ಸಿಕ್ಕಿದ್ದು ಅಂಗಿಯ ಗುಂಡಿ.
ಕಾಗದ ಹಿಡಿದು ಹಾಗೇ ನಿಂತ,
ಹೊಸ್ತಿಲಲ್ಲಿ, ಆ ಚಪ್ಪಲಿಗಳ ಪಕ್ಕ.
ನಾನು ಅವನ ಕನ್ನಡಕ ಹುಡುಕಲು ಒಳಹೋದೆ.