ಒಂಬತ್ತನೇ ಮಗ್ಗದ ಲಾಳಿ

ಲಾಳಿಯ ಕಣ್ಣಿಗೆ ತುಟಿಯಿಟ್ಟು
ಉಸಿರು ಒಳಗೆಳೆದರೆ ನೂಲು ಬರುತ್ತದೆ,
ಜತೆಗೆ ಒಂದಿಷ್ಟು ಹತ್ತಿಧೂಳು.
ಕಂಡಿಕೆ ಮುಗಿದಾಗಲೆಲ್ಲ ಹೀಗೆ,
ದಿನಕ್ಕೆ ಮುನ್ನೂರು ಸಲ.
ಹೆಂಡತಿಗೂ ಇಷ್ಟು ಕೊಟ್ಟವನಲ್ಲ ನಾನು.

ಆ ವರ್ಷ ಕೂಲಿಯಲ್ಲಿ ಎರಡಾಣೆ ಮುರಿದರು.
ಕಾಟನ್‌ಪೇಟೆಯ ಕೊನೆಗೆ, ಹುಣಸೆಮರದ ಬುಡದಲ್ಲಿ
ಮಗ್ಗದವರು, ಬಣ್ಣದವರು, ಬಾಯ್ಲರಿನವರು
ಇಪ್ಪತ್ತಾರು ದಿನ ಕೂತೆವು.
ಬೆಳಗಿನ ಕೂಗು ಕೇಳಿದರೆ
ಕಾಲು ತಾನೇ ಎದ್ದು ನಿಲ್ಲುತ್ತಿತ್ತು.

ಇಪ್ಪತ್ತೇಳನೆಯ ದಿನ ಗೂಡ್ಸ್ ಗಾಡಿಯಿಂದ
ಇಳಿಸಿದರು ಅವರನ್ನು, ಜೋಲಾರಪೇಟೆಯ ಆಚೆಯವರು.
ತಲೆಯ ಮೇಲೆ ಮಡಕೆ, ಕಂಕುಳಲ್ಲಿ ಕೂಸು,
ಯಾವ ಊರಿಗೆ ಬಂದೆವೆಂದು ಇನ್ನೂ ತಿಳಿಯದ ಮುಖ.
ಮೇಸ್ತ್ರಿ ಪಿಳ್ಳಪ್ಪ ಕೋಲಿನಿಂದ ಎಣಿಸಿದ.
ನಮ್ಮ ಅನ್ನಕ್ಕೆ ಮಣ್ಣು, ಅಂದ ಒಬ್ಬ.
ಇನ್ನೊಬ್ಬ ಅವರ ಭಾಷೆಯ ಹೆಸರು ಹಿಡಿದು ಉಗಿದ.
ಮತ್ತೊಬ್ಬ, ಜಾತಿಯ ಹೆಸರು.
ಅಲ್ಲಿಂದಾಚೆ ಎರಡಾಣೆಯ ಮಾತು
ಯಾರ ಬಾಯಲ್ಲೂ ಬರಲಿಲ್ಲ.

ಏಳನೆಯ ರಾತ್ರಿ
ಗುಡಿಸಲ ಸಾಲಿಗೆ ಹೋದವರಲ್ಲಿ ನಾನಿದ್ದೆ.
ಸೀಮೆಎಣ್ಣೆ ಡಬ್ಬ ನನ್ನದಲ್ಲ. ಕಡ್ಡಿ ಗೀರಿದ್ದೂ ನಾನಲ್ಲ.
ಬರೀ ದಾರಿ ತೋರಿಸಿದೆ:
ಹುಣಸೆಮರ ದಾಟಿ, ಮೋರಿಯ ಎಡಕ್ಕೆ.
ಸಾಹೇಬರ ಬಂಗಲೆ ಬಲಕ್ಕಿತ್ತು,
ದೀಪ ಉರಿಯುತ್ತಿತ್ತು.
ಅತ್ತ ಯಾರೂ ತಿರುಗಲಿಲ್ಲ.

ಕೆಲಸ ಮರಳಿತು. ಎರಡರಲ್ಲಿ ಒಂದಾಣೆ ಮರಳಿತು.
ನನ್ನ ಮಗ್ಗದ ಮೇಲೆ ಅರ್ಧ ನೇಯ್ದ ಖಾಕಿ ಹಾಗೇ ನಿಂತಿತ್ತು.
ಒಳ್ಳೆಯ ಕೈ, ಊರಲ್ಲೂ ನೇಯುತ್ತಿದ್ದವನಿರಬೇಕು,
ಅಂಚು ಎಳೆಯಷ್ಟೂ ಸೊಟ್ಟಗಿಲ್ಲ.
ಹಾಜರಿ ಪುಸ್ತಕದಲ್ಲಿ ಗುಮಾಸ್ತ
ನಮ್ಮ ರೀತಿಯಲ್ಲೇ ಬರೆದಿದ್ದ: ಆಂಡಿಯಪ್ಪ.
ಆರು ದಿನ. ಆಮೇಲೆ ಕೆಂಪು ಗೀಟು.

ನೀರಿನ ತೊಟ್ಟಿ ಎರಡಿದ್ದವು ಮಿಲ್ಲಿನಲ್ಲಿ,
ಅವರದು ಕಕ್ಕಸಿನ ಕಡೆಗೆ, ತಗಡಿನ ಲೋಟ ಸರಪಳಿಯಲ್ಲಿ.
ಲಾಳಿ ಮಾತ್ರ ಒಂದೇ.

ಹೊಸ ಕಂಡಿಕೆ ತುರುಕಿ
ತುಟಿಯ ಹತ್ತಿರ ತಂದೆ.
ಕಣ್ಣಿನ ಸುತ್ತ, ಅವನ ಬಾಯಿ ತಾಗಿದಲ್ಲಿ,
ಎಲೆಯಡಿಕೆಯ ಕೆಂಪು ಒಣಗಿತ್ತು.
ಪಂಚೆಯಂಚಿನಿಂದ ಉಜ್ಜಿದೆ. ಹೋಗಲಿಲ್ಲ.
ಹಿಂದೆ ಪಿಳ್ಳಪ್ಪನ ಬೂಟಿನ ಸದ್ದು.
ಮಗ್ಗ ನಿಂತಷ್ಟು ಹೊತ್ತೂ ಕಾಸು ಮುರಿಯುತ್ತಾರೆ.

ಹೀರಿದೆ.
ನೂಲು ಬಂತು.

ಎದೆಯೊಳಗೆ ಅದೇನು ಹೊಕ್ಕಿದೆಯಯ್ಯಾ ಎಂದು
ವರ್ಷಗಳಾಚೆ, ಕೆಮ್ಮಿನ ನಡುವೆ, ಡಾಕ್ಟರು ಕೇಳಿದಾಗ
ಹತ್ತಿಧೂಳು, ಅಂದೆ.