ಗಾಲಿಗೆ ಕೊಟ್ಟ ಅಕ್ಷರ

ನಸುಕಿನ ಮೂರೂವರಿಗೆ ಹುಬ್ಬಳ್ಳಿ ಸ್ಟೇಷನ್ನಿನ ಐದನೇ ಹಳಿಗುಂಟ
ದಾವಲಸಾಬ ಅಣ್ಣಿಗೇರಿ ಉದ್ದನ್ನ ಸುತ್ತಿಗಿ ಹಿಡಕೊಂಡು
ಗಾಲಿಗೊಂದು ಏಟು ಹಾಕತ ಬರತಿದ್ದ.
ಠಣ್ ಅಂದರ ಮುಂದಿನ ಗಾಲಿ.
ಠಣ್. ಠಣ್. ಠಣ್.
ವರ್ಷಕ್ಕೊಮ್ಮೆ, ಎರಡು ಸಲ, ದಪ್ ಅಂತಿತ್ತು.
ಬೋಗಿ ಬಿಚ್ಚಾಕ ಹೊತ್ತಿದ್ದರ ಬಿಚ್ಚಸತಿದ್ದ.
ಇಲ್ಲದಿದ್ದರ ಟೊಪಗಿ ತಗದು ಬಗಲಾಗಿಟ್ಟು, ಬಗ್ಗಿ,
ಹೊಸ ಸೊಸಿಗೆ ಗುಟ್ಟು ಹೇಳಿದಂಗ
ಕಬ್ಬಿಣದ ಕಿವ್ಯಾಗ ಒಂದಕ್ಷರ ಊದತಿದ್ದ.

ಮತ್ತ ಬಡದರ, ಠಣ್.

ಅಪ್ಪನ ಸಾವಿನಿಂದ ಬಂದ ನೌಕರಿ ನಂದು,
ಕೈಯಾಗ ಬ್ಯಾಟರಿ, ಕೊರಳಾಗ ಸೀಟಿ.
ಮೂರು ತಿಂಗಳು ನೋಡಿ ಕೇಳಿದೆ: ಕಾಕಾ, ಏನು ಊದತೀರಿ?

ಕಬ್ಬಿಣಕ್ಕ ಹಸಿವು ತಂಗಿ, ಅಂದ,
ಅಕ್ಷರ ತಿಂದರ ಅದರ ಮೈ ಕೂಡತೈತಿ.
ಕೂದಲೆಳಿ ಗೀರಿಗೆ ಕ ಸಾಕು, ತ ಸಾಕು.
ಆಳಕ್ಕಿಳಿದ ಸೀಳಿಗೆ ಎದಿಯಿಂದೆಳದ ಘ, ಭ.
ಅಚ್ಚು ಕಾದು ಹೊಗಿ ಎದ್ದರ ಶ, ಷ, ಸ, ಹ:
ಬೆಂಕಿಗೆ ಬೆಂಕಿ ಮಾತು ತಿಳೀತೈತಿ.
ಒಮ್ಮೆ ಊದಿದ್ದು ತಿರುಗಿ ಬರಂಗಿಲ್ಲ,
ಬಾಯಿಂದ ಹೋದದ್ದು ಬರಿಯೂ ಕೈಯಿಂದನೂ ಹೋಗತೈತಿ.

(ಇಷ್ಟು ನೆಟ್ಟಗ ಹೇಳಲಿಲ್ಲ ಅಂವ.
ಅಷ್ಟೊತ್ತಿಗೆ ಅರ್ಧ ವರ್ಣಮಾಲಿ ಗಾಡಿ ಹತ್ತಿ ಹೋಗಿತ್ತು.
ತೂತು ಮುಚ್ಚಿ ಬರದಾಕಿ ನಾನು.)

ಮೊದಲು ಹೋದವು ಮಹಾಪ್ರಾಣ ಹತ್ತೂ.
ಯಾರಿಗೂ ಗೊತ್ತಾಗಲಿಲ್ಲ.
ನಮ್ಮ ಕಡೆ ಧಾರವಾಡಕ್ಕೂ ದಾರವಾಡಕ್ಕೂ ಟಿಕೀಟು ಒಂದ ರೇಟು.
ಆಮ್ಯಾಲೆ ಷ, ಆಮ್ಯಾಲೆ ಶ, ಅದೂ ನಡೀತು.
ರ ಹೋದ ದಿನ ಚಾದಂಗಡಿ ಮಂದಿ ನಕ್ಕರು:
ಸಕ್ಕಇ ಕಮ್ಮಿ ಹಾಕು ಅಂದಿದ್ದ.
ಳ ಹೋತು, ಊರ ಹೆಸರು ಬಾಯಾಗ ಕುಂಟತು.
ಬ ಹೋತು, ಹೆಂಡತಿ ಮಾಬೂಬಿ ಮಾಊಇ ಆದಳು.
ಬರೇ ಮಾ ಅಂದರೂ ಓ ಅಂತೀನಿ, ಅಂದಳು ಅಕಿ,
ಒಲಿ ಮುಂದಿಂದ ಏಳದಲೇ.

ಮಳಿ ಹಿಡದ ರಾತ್ರಿ. ಗದಗಿನ ಗಾಡಿ, ನಾಕನೇ ಬೋಗಿ.
ಕೂಸಿನ ಕುಂಚಿಗಿ ಕಟ್ಟತ ಯಾರೋ ಒಬ್ಬಾಕಿ
ಕಿಟಕಿಯಿಂದ ಕೇಳಿದಳು, ಎಷ್ಟೊತ್ತಿಗೆ ಬಿಡತೈತ್ರಿ?
ಸುತ್ತಿಗಿ ದಪ್ ಅಂತು.
ಗಾರ್ಡು ಹಸಿರು ದೀಪ ಎತ್ತಿದ್ದ.
ದಾವಲಸಾಬನ ಹತ್ರ ಉಳಿದದ್ದು ಮ ಒಂದ.
ಎಷ್ಟೊತ್ತು ಬಗ್ಗಿದ್ದ ಅಂದರ
ಕೊಡಾಕಿಲ್ಲ ಅಂತ ತಿಳದೆ ನಾನು.

ಠಣ್.

ಬೆಳಗಾಗಿ ಮನಿ ಬಾಗಿಲಕ್ಕ ನಿಂತು
ಆ, ಅಂದ.
ಸ್ವರ ಕಬ್ಬಿಣಕ್ಕ ಬ್ಯಾಡ. ಅವು ಬಾಯಿವಲ್ಲ, ಉಸಿರಿನವು.
(ಸ್ವರ ಬಿಟ್ಟು ಉಳಿದವಕ್ಕ ಸಾಲ್ಯಾಗೊಂದು ಹೆಸರು ಕಲಿಸಿದ್ದರು.
ನನಗ ಈಗ ಹೇಳಾಕ ಬರಂಗಿಲ್ಲ.)
ಮಾಬೂಬಿ ಹತ್ರ ಎಲ್ಲಾ ಅಕ್ಷರ ಇದ್ದವು.
ಅಕಿ ಓ, ಅಂದಳು. ಅಷ್ಟ.

ಈಗ ಮಶೀನು ಬಂದೈತಿ, ಪರದಿ ಮ್ಯಾಲೆ ಗೀರು ತೋರಸತೈತಿ.
ಸುತ್ತಿಗಿ ನನ್ನ ಹತ್ರ. ಚಟಕ್ಕ ಬಡೀತೀನಿ.
ಹ್ವಾದ ಶ್ರಾವಣದಾಗ ಮಶೀನು ಎಲ್ಲಾ ಸುದ್ದ ಅಂತು,
ಸುತ್ತಿಗಿ ದಪ್ ಅಂತು.
ಯಾವುದು ಕೊಡಲಿ? ಎರಡು ಮಿನಿಟಿತ್ತು.
ಅವ್ವನ ಹೆಸರು ಉಳೀಬೇಕು, ಮಗಳ ಹೆಸರು,
ದ್ಯಾಮವ್ವನ ಹೆಸರು, ಸತ್ತ ಅಪ್ಪನ ಅಡ್ಡಹೆಸರು.
ಹುಡುಕಿ ಹುಡುಕಿ ಯಾರಿಗೂ ತಾಗಲಾರದ್ದು ಒಂದು ಕೊಟ್ಟೆ.
ಹೊಟ್ಟಿ ನೆನಪಾಗಲಿಲ್ಲ.

ಕಾಳಿನ ಅಂಗಡ್ಯಾಂವ ಏನು ಬೇಕವ್ವಾ ಅಂತಾನ.
ಗೋದಿ ಅಲ್ಲ, ಅಕ್ಕಿ ಅಲ್ಲ,
ಬಿಳೇದು, ದುಂಡಂದು, ದಿನಾ ರೊಟ್ಟಿ ಬಡಿಯೂದು.
ಬೆರಳು ತೋರಸತೀನಿ.
ಅಂವ ಹೆಸರು ಹಿಡದ ಅಳೀತಾನ, ನಾ ಕಿವಿಗೊಟ್ಟು ನಿಂದರತೀನಿ.

ಮನಿಗೆ ಬಂದು ಹಿಟ್ಟು ನಾದಿ ಬಡೀತೀನಿ.
ಅಂಚು ಸೀಳತೈತಿ ಒಮ್ಮೊಮ್ಮೆ.
ಇದಕ್ಕ ಅಕ್ಷರ ಬ್ಯಾಡ.
ಒದ್ದಿ ಬೆರಳಿಂದ ಒತ್ತಿದರ ಕೂಡತೈತಿ.