ಒಂದು ಕ್ರಿಯಾಪದ

ಕಲಬುರಗಿ ಪೀಠದಿಂದ ಕಾಗದ ಬಂದದ,
ಹದಿನಾಲ್ಕು ಪುಟ.
ಹದಿಮೂರು ಪುಟದ ತನಕ
ಯಾರ ವಿರುದ್ಧ ಯಾರು, ಯಾವ ಕಲಮು, ಯಾವ ತಾರೀಖು.
ಕೊನೇ ಪುಟದಾಗ ನಮ್ಮ ಪಾಲಿಗೆ ಒಂದೇ ಕ್ರಿಯಾಪದ:
ಎಂಟು ವಾರದೊಳಗೆ, ಕಾನೂನಿನ ಪ್ರಕಾರ,
ಕಾರಣ ಸಹಿತ, ಅರ್ಜಿಯನ್ನು
ಪರಿಗಣಿಸಿ.

ಕೊಡ್ರಿ ಅಂದಿಲ್ಲ. ಕೊಡಬ್ಯಾಡ್ರಿ ಅಂತನೂ ಅಂದಿಲ್ಲ.
ಮುಖ್ಯಾಧಿಕಾರಿ ಸಾಹೇಬರು ನಕ್ಕರು:
"ಇಷ್ಟೇ ಏನು ಅಂಬಾರಾಯ?
'ಪರಿಗಣಿಸಿ ತಿರಸ್ಕರಿಸಿದೆ' ಅಂತ
ಒಂದು ಸಾಲು ಹೊಡದು ತಾ. ಪೀಡಾ ಹೋಗಲಿ."

ಕಡತ ಹುಡುಕಿದೆ.
ಆಳಂದ ಪುರಸಭೆಯ ಒಳಕೋಣೆ,
ಶಹಾಬಾದ್ ಫರಸಿಯ ಮ್ಯಾಲ ಕೆಟ್ಟು ಕುಂತ ಕೂಲರು,
ಕೂಲರಿನ ಹೊಟ್ಟಿಯೊಳಗ ಅರ್ಜಿಗಳು.
ಹೌದು, ಕೂಲರಿನ ಹೊಟ್ಟಿಯೊಳಗ.
ಹಳೇ ಹುಲ್ಲಿನ ವಾಸನಿ.

ಲಾಡ್ಲಿಬಿ ಗಂಡ ಮಶಾಕಸಾಬ ಕಲಾಯಿಗಾರ, ಮುಕ್ಕಾಂ ಆಳಂದ.
ಒಂದಲ್ಲ, ಐದು.
ಮೊದಲನೇದು ಯಾರೋ ಬರದುಕೊಟ್ಟ ದುಂಡಕ್ಷರ,
ಎರಡನೇದು ಮಗಳ ನೋಟ್‌ಬುಕ್ಕಿನ ಹರಿದ ಹಾಳಿ,
ಮೂರು, ಟೈಪು.
ನಾಲ್ಕನೇದರಾಗ 'ದಯಮಾಡಿ' ಎರಡು ಸಲ,
ಐದನೇದರಾಗ ಆ ಮಾತೇ ಇಲ್ಲ.
ಐದರ ಮ್ಯಾಲೂ 'ಸ್ವೀಕರಿಸಿದೆ' ಅನ್ನೋ ಸೀಲು,
ಸೀಲಿನ ಕೆಳಗ ಬಸವನಹುಳದಂಥ ಸಹಿ.
ನಂದೇ.

ಅಕಿ ಕೇಳಿದ್ದು:
ದನದ ದವಾಖಾನೆಯ ಗೋಡಿಗೆ ಹತ್ತಿ
ಆರಡಿ ನಾಕಡಿ ಜಾಗ,
ಕುಕ್ಕರು, ಗ್ಯಾಸ್ ಒಲಿ ರಿಪೇರಿಗೆ.
ಹಿತ್ತಾಳಿ ಭಾಂಡೆ ಹೋದ್ವು, ಕಲಾಯಿ ಹೋಯ್ತು,
ತೊಗರಿ ಬ್ಯಾಳಿ ಮಾತ್ರ ದಿನಾ ಬೇಯಬೇಕಲ್ಲ.
ಬೀದಿ ವ್ಯಾಪಾರದ ಪತ್ರ ಒಂದು. ಅಷ್ಟ.

ಇಪ್ಪತ್ತೆರಡು ವರ್ಷದ ನೌಕರ್ಯಾಗ
ಆ ಕ್ರಿಯಾಪದ ಸಾವಿರ ಸಲ ಬರದೀನಿ,
ಮಾಡಿದ್ದು ನೆನಪಿಲ್ಲ.
ಗಣಿಸು ಅಂದ್ರ ಎಣಿಸು. ಪರಿ ಅಂದ್ರ ಸುತ್ತ.
ಹಂಗಾದ್ರ ಸುತ್ತ ತಿರುಗಿ ಎಣಿಸಬೇಕೇನೋ ಅಂತ
ಟೇಪು ತೊಗೊಂಡು ಹೊಂಟೆ.

ಟೇಪು ಕಂಡದ್ದೇ ತಡ,
ಅಕಿ ಪಾನಾ ಪಕ್ಕಡ ಗೋಣಿಚೀಲಕ್ಕ ತುಂಬಲಿಕ್ಕತ್ತಳು.
ನಾಕು ಸಲ ಎಬ್ಬಿಸೀವಲ್ಲ,
ಕೈಗೆ ರೂಢಿ ಆಗ್ಯಾದ.
"ಇಲ್ಲಮ್ಮ, ಕೂಡ್ರಿ. ಅಳಿಲಿಕ್ಕೆ ಬಂದೀನಿ."
"ಅಳಲಿಕ್ಕಾ?"
ಸಿಟಿ ಕೇಳಿ ಕೇಳಿ ಕಿವಿ ಮಂದ.
"ಅದಕ್ಕೆ ಇಲ್ಲೀ ತನಕ ಬರಬೇಕಾ ಸಾಹೇಬ್ರ?"

ಗೋಡಿಯಿಂದ ಚರಂಡಿಗೆ ಏಳಡಿ ಎರಡಿಂಚು.
ಚರಂಡಿ ದಾಟಿದ್ರ ರಸ್ತಾ, ಪೂರಾ ಖಾಲಿ.
ಅಷ್ಟರಾಗ ಒಂದು ಗಬ್ಬದ ಎಮ್ಮಿ ದವಾಖಾನಿಗೆ ಬಂತು,
ಅಕಿಯ ಡಬ್ಬಿ ಸುದ್ದಾ ಸವರದೆ ಒಳಗ ಹೋಯ್ತು.
ಅದನ್ನೂ ಬರಕೊಂಡೆ.
ತಂತಿಗೆ ನೇತು ಬಿದ್ದ ಗ್ಯಾಸ್ಕೆಟ್ಟು ಹದಿನೇಳು,
ರಿಪೇರಿಗೆ ಬಂದ ಕುಕ್ಕರು ಆರು.
ಆರನೇದರ ಮುಚ್ಚಳದ ಮ್ಯಾಲ ಕೊರೆದ ಹೆಸರು ಓದಿದೆ:
ನಮ್ಮ ಸಾಹೇಬರ ಮನಿಯವರದು.
ಅದನ್ನ ಬರಕೊಳ್ಳಲಿಲ್ಲ.

ಮೂರು ಪುಟ ಆಯ್ತು ನನ್ನ ಟಿಪ್ಪಣಿ.
ಮಾತಾಡೋ ಆದೇಶ ಅಂತಾರ ವಕೀಲರು,
ಕಾರಣ ಹೇಳೋ ಆದೇಶಕ್ಕ.
ನನ್ನ ಕೈಯಾಗ ಇಷ್ಟು ದಿನ ಹುಟ್ಟಿದವೆಲ್ಲ ಮೂಕ.
ಸಾಹೇಬರ ಟೇಬಲ್ಲಿನ ಮ್ಯಾಲ ಇಟ್ಟು ಬಂದೀನಿ.
ಇನ್ನ ಹನ್ನೊಂದು ದಿನ ಅದಾವ.
ಸಹಿ ಬೀಳ್ತದೋ, ಆ ಒಂದು ಸಾಲೇ ಬೀಳ್ತದೋ.

ಖರೆ ಹೇಳಬೇಕಂದ್ರ ನನಗ ನಿದ್ದಿ ಕೆಡಿಸಿದ್ದು ಅದಲ್ಲ.
ಕೂಲರಿನೊಳಗ ಉಳಿದಾವಲ್ಲ,
ಪೀಠದ ತನಕ ಹೋಗಲಾರದವರವು,
ವಕೀಲರ ಫೀಜು ಇಲ್ಲದವರವು,
ಯಾವ ಪುಟದಾಗೂ ಕ್ರಿಯಾಪದ ಸಿಗದವರವು.
ಸಂಜೀಕ ಎಲ್ಲಾರೂ ಹೋದ ಮ್ಯಾಲ
ಫರಸಿಯ ಮ್ಯಾಲ ಹರವಿಕೊಂಡು ಎಣಿಸಲಿಕ್ಕೆ ಕುಂತೆ.
ನೂರಾ ಹನ್ನೊಂದಕ್ಕ ಕರೆಂಟು ಹೋಯ್ತು.

ಲೆಕ್ಕ ತಪ್ಪಬಾರದಂತ
ಬೆರಳು ಅಲ್ಲೇ ಇಟ್ಟುಕೊಂಡು
ಕತ್ತಲದಾಗ ಕುಂತೀನಿ.